ಸಾಗರದಿಂದ ಬಂದ ಗೆಳತಿ ಅಮೆರಿಕದಲ್ಲಿ ಮದುವೆ ಮಾಡಿಸಬಹುದಾ? ಮಾಡಿಸಬಹುದು, ಹೀಗೆ

ನನ್ನ ಮದುವೆ ಆಗಿದ್ದು ಕ್ಯಾಲಿಫೋರ್ನಿಯಾದ ಸ್ಯಾನ್ ಹೊಸೆಯಲ್ಲಿ. ಮಾಡಿಸಿದವಳು ಸಾಗರದಲ್ಲಿ ಪಿಯುಸಿ ಮಕ್ಕಳಿಗೆ ಫಿಸಿಕ್ಸ್ ಪಾಠ ಹೇಳುವ ನನ್ನ ಹಾಸ್ಟೆಲ್ ಗೆಳತಿ. ಅವಳು ಜಡ್ಜ್ ಅಲ್ಲ, ಪೌರೋಹಿತ್ಯ ಗೊತ್ತಿಲ್ಲ, ಅವಳ ಹತ್ತಿರ ಇದ್ದದ್ದು ಟೂರಿಸ್ಟ್ ವೀಸಾ ಅಷ್ಟೇ. ಆದರೂ ನಮ್ಮ ಮದುವೆ ಸರ್ಟಿಫಿಕೇಟಿನಲ್ಲಿ ಅವಳದೇ ಸಹಿ ಇದೆ. ಇದು ನಡೆಯುತ್ತಾ ಅಂತ ಕೇಳುವವರು ಜಾಸ್ತಿ ಆಗಿದ್ದಾರೆ. ಅದಕ್ಕೇ ಬರೆಯುತ್ತಿದ್ದೇನೆ.

ಮೊದಲು ತಿಳಿಯಬೇಕಾದದ್ದು, ಕ್ಯಾಲಿಫೋರ್ನಿಯಾದ ಕಾನೂನು ಕೇಳುವುದು ಬಹಳ ಕಡಿಮೆ. ಮದುವೆ ಇಂಥದ್ದೇ ಶಾಸ್ತ್ರದಲ್ಲಿ ನಡೆಯಬೇಕು ಅಂತ ಎಲ್ಲೂ ಇಲ್ಲ. ಮದುವೆ ಆಗುವ ಇಬ್ಬರೂ ಮಾಡಿಸುವವರ ಮತ್ತು ಸಾಕ್ಷಿಯ ಎದುರಿಗೇ ನಿಂತು, ನಾವು ಒಬ್ಬರನ್ನೊಬ್ಬರು ಒಪ್ಪಿದ್ದೇವೆ ಅಂತ ಬಾಯಿಬಿಟ್ಟು ಹೇಳಬೇಕು. ಕೈಯಲ್ಲಿ ಕೌಂಟಿ (ನಮ್ಮ ಜಿಲ್ಲೆ ಇದ್ದ ಹಾಗೆ) ಕ್ಲರ್ಕ್ ಆಫೀಸಿನ ಮದುವೆ ಲೈಸೆನ್ಸ್ ಇರಬೇಕು. ಮಾಮೂಲಿ ಲೈಸೆನ್ಸಿಗೆ ಕನಿಷ್ಠ ಒಬ್ಬ ಸಾಕ್ಷಿ ಸಾಕು, ಇಬ್ಬರ ಸಹಿಗೆ ಜಾಗ ಇರುತ್ತೆ. ಇಷ್ಟನ್ನು ಕರಾರುವಾಕ್ಕಾಗಿ ಮಾಡಿಬಿಡಿ. ಆಮೇಲೆ ಜೀರಿಗೆ ಬೆಲ್ಲ ಇಡುತ್ತೀರೋ, ಕವಿತೆ ಓದುತ್ತೀರೋ, ಕೇಳುವವರಿಲ್ಲ.

ಗೆಳತಿಗೆ ಅಧಿಕಾರ ಎಲ್ಲಿಂದ ಬರಬೇಕು? ಇದಕ್ಕೆ ಎರಡು ದಾರಿ. ಒಂದು, ಅವಳು ಯಾವುದಾದರೂ ಧರ್ಮಸಂಸ್ಥೆಯಿಂದ ಧರ್ಮಗುರುವಿನ ದೀಕ್ಷೆ ಪಡೆದವಳಾಗಿರಬೇಕು. ಇಲ್ಲಿನ ಮೊಡೆಸ್ಟೊದಲ್ಲಿ ಶುರುವಾದ ಯೂನಿವರ್ಸಲ್ ಲೈಫ್ ಚರ್ಚ್ ಕೇಳಿದವರಿಗೆಲ್ಲ ದೀಕ್ಷೆ ಕೊಡುತ್ತೆ. ಈಗ ಅದು ಆನ್‌ಲೈನಿನಲ್ಲೇ ಆಗುತ್ತೆ, ದುಡ್ಡೂ ಬೇಡ. ನಿಮ್ಮ ದೇವರನ್ನು ಬಿಡಿ ಅಂತ ಯಾರೂ ಹೇಳಲ್ಲ. ವಯಸ್ಸು ಹದಿನೆಂಟು ತುಂಬಿರಬೇಕು, ಹೆಸರು ಪಾಸ್‌ಪೋರ್ಟಿನಲ್ಲಿ ಇರುವ ಹಾಗೇ ಇರಬೇಕು. ನಮ್ಮ ಕಡೆಯವರ ಇನಿಷಿಯಲ್ ಗೋಳು ನಿಮಗೆ ಗೊತ್ತೇ ಇದೆ, ಅಲ್ವಾ? ದೀಕ್ಷೆಯ ಕಾಗದದಲ್ಲಿ ಒಂದು, ಪಾಸ್‌ಪೋರ್ಟಿನಲ್ಲಿ ಇನ್ನೊಂದು ಆಗದಂತೆ ನೋಡಿಕೊಳ್ಳಿ. ಮದುವೆ ಮಾಡಿಸುವವರು ಮೊದಲೇ ಹೆಸರು ನೋಂದಾಯಿಸಬೇಕು ಅನ್ನುವ ನಿಯಮ ಕ್ಯಾಲಿಫೋರ್ನಿಯಾದಲ್ಲಿ ಇಲ್ಲ. ಹೊರಗಿನವರಿಗೆ ಸಲೀಸಾಗುವುದೇ ಇದರಿಂದ.

ಎರಡನೇ ದಾರಿ, ಕೆಲವು ಕೌಂಟಿಗಳು ನೀವು ಹೇಳಿದವರನ್ನು ಒಂದು ದಿನದ ಮಟ್ಟಿಗೆ ಮದುವೆ ಮಾಡಿಸುವ ಡೆಪ್ಯುಟಿ ಕಮಿಷನರ್ (ನಮ್ಮ ಡಿಸಿ ಅಲ್ಲ) ಅಂತ ಮಾಡುತ್ತವೆ. ಧರ್ಮದ ಹೆಸರೇ ಬೇಡ ಅನ್ನುವವರಿಗೆ ಇದು ಚೆಂದ. ಆದರೆ ನಿಯಮ ಕೌಂಟಿಗೊಂದು. ಪರದೇಶದ ಪಾಸ್‌ಪೋರ್ಟ್ ಇರುವವರಿಗೂ ಕೊಡುತ್ತೀರಾ, ಪ್ರಮಾಣವಚನಕ್ಕೆ ಖುದ್ದಾಗಿ ಯಾವಾಗ ಬರಬೇಕು ಅಂತ ಫೋನ್ ಮಾಡಿ ಕೇಳಿ. ನಾವು ಮೊದಲನೆಯದನ್ನೇ ಹಿಡಿದೆವು. ಗೆಳತಿ ಸಾಗರದ ಮನೆಯ ಜಗಲಿಯಲ್ಲಿ ಕೂತು ದೀಕ್ಷೆ ಪಡೆದಳು. ಅವಳ ಅಮ್ಮ ಇವತ್ತಿಗೂ ಅವಳನ್ನು "ಏ ಪಾದ್ರಿ" ಅಂತ ಕರೆಯುತ್ತಾರಂತೆ.

ನೀವು ಬೇರೆ ರಾಜ್ಯದಲ್ಲಿದ್ದರೆ ನನ್ನ ಮಾತನ್ನು ಹಾಗೇ ನಂಬಬೇಡಿ. ನ್ಯೂಯಾರ್ಕ್ ನಗರದಲ್ಲಿ ಮದುವೆ ಮಾಡಿಸುವವರು ಸಿಟಿ ಕ್ಲರ್ಕ್ ಹತ್ತಿರ ಮೊದಲೇ ನೋಂದಣಿ ಮಾಡಿಸಬೇಕು. ನ್ಯೂಯಾರ್ಕ್ ರಾಜ್ಯದಲ್ಲಿ 2023ರಿಂದ ಒಂದು ದಿನದ ಲೈಸೆನ್ಸ್ ಕೂಡ ಸಿಗುತ್ತಿದೆ. ಟೆನೆಸಿಯಲ್ಲಿ 2019ರಲ್ಲಿ ಆನ್‌ಲೈನ್ ದೀಕ್ಷೆಯವರು ಮದುವೆ ಮಾಡಿಸಬಾರದು ಅಂತಲೇ ಕಾನೂನು ತಂದರು, ಅದು ಕೋರ್ಟ್ ಮೆಟ್ಟಿಲೂ ಹತ್ತಿತು. ಕೊಲರಾಡೊದಲ್ಲಾದರೆ ಮದುವೆ ಮಾಡಿಸುವವರೇ ಬೇಡ. ದಂಪತಿ ತಾವೇ ಸಹಿ ಹಾಕಿದರೂ ನಡೆಯುತ್ತೆ.

ಇನ್ನು ವೀಸಾ. ಗೆಳತಿಗೆ ವೀಸಾ ಇಲ್ಲದಿದ್ದರೆ ಹಾಲ್ ಬುಕ್ ಮಾಡುವುದಕ್ಕೂ ಮೊದಲು ಅದನ್ನು ಶುರು ಮಾಡಿ, ಸಂದರ್ಶನದ ದಿನ ಸಿಗಲು ತಿಂಗಳುಗಟ್ಟಲೆ ಆಗಬಹುದು. ಏರ್‌ಪೋರ್ಟಿನಲ್ಲಿ ಯಾಕೆ ಬಂದಿರಿ ಅಂದರೆ ಗೆಳತಿಯ ಮದುವೆಗೆ ಅನ್ನಲಿ. ಮದುವೆಯಲ್ಲಿ ನೀವೇನು ಮಾಡುತ್ತೀರಿ ಅಂತ ಕೇಳಿದರೆ ಅದನ್ನೂ ಇದ್ದ ಹಾಗೆ ಹೇಳಲಿ. ಮುಚ್ಚಿಡುವಂಥದ್ದೇನಿದೆ? ಒಂದೇ ಎಚ್ಚರಿಕೆ, ಟೂರಿಸ್ಟ್ ವೀಸಾದಲ್ಲಿ ಸಂಬಳಕ್ಕೆ ಕೆಲಸ ಮಾಡುವಂತಿಲ್ಲ. ಹಾಗಾಗಿ ಮದುವೆ ಮಾಡಿಸಿದ್ದಕ್ಕೆ ದಕ್ಷಿಣೆ ಕೊಡಬೇಡಿ. ಉಡುಗೊರೆಗೆ ಒಂದು ಸೀರೆ ಕೊಡಿ, ಮನೆಯಲ್ಲಿ ಉಳಿಸಿಕೊಂಡು ಹೊಟ್ಟೆ ತುಂಬ ಊಟ ಹಾಕಿ.

ವೀಸಾ ಕೈಕೊಟ್ಟರೆ ಮದುವೆಯೇನೂ ನಿಲ್ಲಬೇಕಾಗಿಲ್ಲ. ಕೌಂಟಿ ಆಫೀಸಿನಲ್ಲೇ ಮದುವೆಯಾಗಿ ಕಾಗದ ಮುಗಿಸಿಬಿಡಿ. ಆಮೇಲೆ ಗೆಳತಿ ವಿಡಿಯೊದಲ್ಲಿ ಬಂದು ಏನು ಮಾಡಿಸಿದರೂ ಅದು ನಿಮ್ಮ ಸಂತೋಷಕ್ಕೆ. ಧರ್ಮದ ದೀಕ್ಷೆ ತನಗೆ ಒಗ್ಗದು, ಕೌಂಟಿಯ ಒಂದು ದಿನದ ಅಧಿಕಾರವೂ ಸಿಗಲಿಲ್ಲ ಅನ್ನುವ ಗೆಳತಿಗೂ ಇದೇ ಸರಿಯಾದ ದಾರಿ.

ಯಾರನ್ನು ಕರೆಯಬೇಕು ಅನ್ನುವುದರಲ್ಲಿ ನನ್ನದೊಂದು ಗಟ್ಟಿ ಅಭಿಪ್ರಾಯ ಇದೆ. ತುಂಬಾ ಹತ್ತಿರದವರು ಅನ್ನುವುದೊಂದೇ ಸಾಲದು, ಜನರನ್ನು ಸುಮ್ಮನಿರಿಸುವ ಗಂಟಲು ಇರಬೇಕು. ಅಳುಬುರುಕರು ಬೇಡವೇ ಬೇಡ. ನನ್ನ ಗೆಳತಿ ತುಂಬಿದ ಕ್ಲಾಸನ್ನು ಮೈಕಿಲ್ಲದೆ ಹತೋಟಿಯಲ್ಲಿ ಇಡುವವಳು. ಫೋಟೋದವರು ಅಡ್ಡ ಬಂದಾಗ "ಸ್ವಲ್ಪ ಆ ಕಡೆ ನಿಲ್ಲಿ" ಅಂದಳು, ಅವರು ನಿಂತರು.

ಅವಳಿಗೆ ಏನು ಓದಬೇಕು ಅಂತ ಬರೆದುಕೊಡುವುದು ನಿಮ್ಮ ಕೆಲಸ. ನಾವು ರಾತ್ರಿ ಎಂಟಕ್ಕೆ ಕರೆ ಮಾಡುತ್ತಿದ್ದೆವು. ಬೇಸಿಗೆಯಲ್ಲಿ ಅಲ್ಲಿ ಅದು ಮರುದಿನ ಬೆಳಿಗ್ಗೆ ಎಂಟೂವರೆ, ಅವಳು ಕಾಲೇಜಿಗೆ ಹೊರಡುವ ಮುಂಚಿನ ಹೊತ್ತು. ಕುವೆಂಪು ಅವರು 1966ರಲ್ಲಿ ಮಗ ತೇಜಸ್ವಿಯ ಮದುವೆಗೆಂದು ರೂಪಿಸಿದ ಮಂತ್ರ ಮಾಂಗಲ್ಯದಿಂದ ಕೆಲವು ಭಾಗ ಆರಿಸಿಕೊಂಡೆವು. ಅದರಲ್ಲಿ ಪುರೋಹಿತರ ಅಗತ್ಯವೇ ಇಲ್ಲ. ಯಾರಾದರೂ ಹೇಳಿಕೊಟ್ಟರೆ ವಧೂವರರು ಹೇಳುತ್ತಾರೆ. ನನ್ನ ಹುಡುಗ ಫ್ರೆಸ್ನೋದವನು, ಅವನ ಮನೆಯವರಿಗೆ ಕನ್ನಡ ಬರಲ್ಲ. ಆದ್ದರಿಂದ ಪ್ರತಿ ಭಾಗಕ್ಕೂ ಇಂಗ್ಲಿಷಿನಲ್ಲಿ ಎರಡು ಸಾಲು ಸೇರಿಸಿದೆವು. ಒಪ್ಪಿಗೆ ಕೇಳುವ ಪ್ರಶ್ನೆ ಮಾತ್ರ ಇಬ್ಬರಿಗೂ, ಸಾಕ್ಷಿಗೂ ಅರ್ಥವಾಗುವ ಭಾಷೆಯಲ್ಲೇ ಇರಲಿ. ದೊಡ್ಡ ಅಕ್ಷರದಲ್ಲಿ ಪ್ರಿಂಟ್ ತೆಗೆದು ಫೈಲಿಗೆ ಹಾಕಿ. ಬಿಸಿಲಿನಲ್ಲಿ ಫೋನಿನ ಪರದೆ ಕಾಣಿಸಲ್ಲ.

ಮನೆಯ ಹಿರಿಯರನ್ನು ಒಪ್ಪಿಸುವುದು ವೀಸಾಕ್ಕಿಂತ ಕಷ್ಟ. "ಅಲ್ಲ ಪುಟ್ಟಿ, ಅವಳಿಗೇ ಇನ್ನೂ ಮದುವೆ ಆಗಿಲ್ಲ, ಅವಳು ಹೇಗೆ ಮಾಡಿಸ್ತಾಳೆ?" ಅಂದರು ಅಪ್ಪ. ಅಮ್ಮನದು ಒಂದೇ ಪ್ರಶ್ನೆ: "ಧಾರೆ ಯಾರು ಎರೆಯೋದು?" ನೀವೇ ಎರೆಯೋದು ಅಂದೆ. ಅಮ್ಮನ ಮುಖ ಅಲ್ಲಿಗೇ ಅರಳಿತು. ಅಪ್ಪನನ್ನು ಸಾಕ್ಷಿ ಮಾಡಿದೆ. ಸರ್ಕಾರಿ ಕಾಗದದಲ್ಲಿ ತಮ್ಮ ಸಹಿ ಬೀಳುತ್ತೆ ಅಂತ ಗೊತ್ತಾದ ಮೇಲೆ ಊರಿಗೆಲ್ಲ ಅವರೇ ಫೋನ್ ಮಾಡಿ ಹೇಳಿದರು. ಹೋಮ ಬೇಕೇ ಬೇಕು ಅನ್ನುವವರಿದ್ದರೆ ಹಾಲಿನವರನ್ನು ಮೊದಲೇ ಕೇಳಿ, ಎಷ್ಟೋ ಕಡೆ ಒಳಗೆ ಬೆಂಕಿ ಹಚ್ಚಲು ಬಿಡಲ್ಲ.

ಲೈಸೆನ್ಸಿಗೆ ಇಬ್ಬರೂ ಫೋಟೋ ಇರುವ ಗುರುತಿನ ಚೀಟಿ ಹಿಡಿದು ಖುದ್ದಾಗಿ ಹೋಗಬೇಕು. ಅದು 90 ದಿನ ನಡೆಯುತ್ತೆ, ರಾಜ್ಯದ ಯಾವ ಊರಿನಲ್ಲಾದರೂ ಮದುವೆಯಾಗಬಹುದು. ಮದುವೆಯ ನಂತರ ಯಾವ ಹೆಸರು ಅನ್ನುವುದನ್ನು ಆಗಲೇ ಬರೆಸಬೇಕು, ಕೌಂಟರಿನಲ್ಲಿ ನಿಂತು ಯೋಚಿಸುವ ವಿಷಯ ಅಲ್ಲ ಅದು.

ಮದುವೆಯ ದಿನ ಗೆಳತಿ ತುಂಬಬೇಕಾದ ಭಾಗ ಆ ಕಾಗದದ ಕೆಳಗೆ ಇರುತ್ತೆ: ಮದುವೆಯಾದ ತಾರೀಖು, ಊರು, ಕೌಂಟಿ, ಅವಳ ಹೆಸರು, ಪದವಿ, ಪಂಥ, ಸಹಿ, ವಿಳಾಸ. ಇಲ್ಲೊಂದು ಹೊಂಡ ಇದೆ. ನಾವು ದಿನ ಮೊದಲು ಬರೆಯುತ್ತೇವೆ, ಇಲ್ಲಿಯವರು ತಿಂಗಳು ಮೊದಲು. ಜೂನ್ 5ಕ್ಕೆ ಇಲ್ಲಿ 06/05. ಗೆಳತಿ ಅಭ್ಯಾಸಬಲದಿಂದ 05/06 ಅಂತ ಬರೆದರೆ ಮೇ 6 ಆಗಿಬಿಡುತ್ತೆ, ಆವತ್ತಿಗೆ ಲೈಸೆನ್ಸೇ ಇಲ್ಲದಿರಬಹುದು! ತಿದ್ದುವಂತಿಲ್ಲ, ವೈಟ್ನರ್ ಹಚ್ಚುವಂತಿಲ್ಲ. ಕಾಗದ ವಾಪಸ್ ಬರುತ್ತೆ, ದುಡ್ಡು ಕೊಟ್ಟು ಡೂಪ್ಲಿಕೇಟ್ ಮಾಡಿಸಬೇಕು. ಅದಕ್ಕೆ ಹಿಂದಿನ ದಿನವೇ ಒಂದು ಜೆರಾಕ್ಸ್ ಪ್ರತಿಯ ಮೇಲೆ ಅವಳಿಂದ ಪೂರ್ತಿ ತುಂಬಿಸಿದೆ. ಮರುದಿನ ಅದನ್ನು ಪಕ್ಕಕ್ಕಿಟ್ಟುಕೊಂಡು ಕಪ್ಪು ಪೆನ್ನಿನಲ್ಲಿ ನಿಧಾನವಾಗಿ ಬರೆದಳು. ಊಟಕ್ಕೆ ಕೂರುವ ಮೊದಲೇ ಸಹಿ ಮುಗಿಸಿ. ಊಟವಾದ ಮೇಲೆ ಸಾಕ್ಷಿಗಳು ಸಿಗುವುದಿಲ್ಲ.

ಊರಿನಲ್ಲಿ ಮದುವೆ, ಗೆಳೆಯ ಹೊರದೇಶದವನು ಅಂತಾದರೆ ಲೆಕ್ಕ ಬೇರೆ. ಭಾರತದಲ್ಲಿ ಹೀಗೆ ಗೆಳೆಯರಿಗೆ ಅಧಿಕಾರ ಕೊಡುವ ಪದ್ಧತಿ ಇಲ್ಲ. 1954ರ ವಿಶೇಷ ವಿವಾಹ ಕಾಯ್ದೆಯಲ್ಲಿ 30 ದಿನದ ನೋಟಿಸ್ ಕೊಟ್ಟು, ಮೂವರು ಸಾಕ್ಷಿಗಳೊಂದಿಗೆ ಮದುವೆ ಅಧಿಕಾರಿಯ ಎದುರು ಸಹಿ ಹಾಕಿ. ಹೊರಗಿನ ಗೆಳೆಯ ಮರುದಿನ ಮಂಟಪದಲ್ಲಿ ಮಂತ್ರ ಮಾಂಗಲ್ಯ ಓದಿಸಲಿ.

ಇಲ್ಲಿಯ ಕೆಲಸದಲ್ಲಿ ಕೊನೆಯದೊಂದು ಬಾಕಿ. ಸಹಿಯಾದ ಲೈಸೆನ್ಸನ್ನು 10 ದಿನದೊಳಗೆ ಕೌಂಟಿಗೆ ತಲುಪಿಸುವ ಹೊಣೆ ಮದುವೆ ಮಾಡಿಸಿದವರದ್ದು, ನಿಮ್ಮದಲ್ಲ. ಗೆಳತಿ ಸೂಟ್‌ಕೇಸಿನಲ್ಲಿ ಹಾಕಿಕೊಂಡು ಸಾಗರಕ್ಕೆ ಹೋಗಿಬಿಟ್ಟರೆ ಕಷ್ಟ. ಸೋಮವಾರ ಆಫೀಸ್ ತೆರೆಯುತ್ತಲೇ ಅವಳನ್ನು ಕರೆದುಕೊಂಡು ಹೋಗಿ ಕೊಡಿಸಿ. ಸರ್ಟಿಫಿಕೇಟ್ ತಾನಾಗಿ ಮನೆಗೆ ಬರುವುದಿಲ್ಲ. ದೃಢೀಕೃತ ಪ್ರತಿಗೆ ಬೇರೆ ಅರ್ಜಿ ಹಾಕಿ ಶುಲ್ಕ ಕಟ್ಟಬೇಕು. ಎರಡು ಪ್ರತಿ ತರಿಸಿ. ಪಾಸ್‌ಪೋರ್ಟ್, ಬ್ಯಾಂಕ್, ವೀಸಾ ಅಂತ ಒಂದು ಯಾವಾಗಲೂ ಎಲ್ಲೋ ಸಿಕ್ಕಿಕೊಂಡಿರುತ್ತೆ.