ಲೈವ್ ಕಾರ್ಯಕ್ರಮದ ಲೆಕ್ಕ ಕೊನೆಯಿಂದ ಹಾಕಿ

ಕಾಲೇಜಿನ ಕಾರ್ಯಕ್ರಮ ಲೈವ್ ಬಿಡಬೇಕು, ಹೇಗೆ ಮಾಡೋದು ಅಂತ ಪಕ್ಕದ ಮನೆ ಹುಡುಗಿ ಕೇಳಿದಳು. ಕಪ್ಪು-ಬಿಳುಪು ಟೀವಿ ಕಾಲದಲ್ಲಿ ಪ್ರೊಡ್ಯೂಸರ್ ಆಗಿ ನಾನು ಕಲಿತದ್ದನ್ನೇ ಬರೆದುಕೊಟ್ಟೆ.

ಪ್ರೊಡ್ಯೂಸರ್ ಅಂದರೆ ಸಿನಿಮಾದಲ್ಲಿ ದುಡ್ಡು ಹಾಕುವವರು. ಟೀವಿಯಲ್ಲಿ ಹಾಗಲ್ಲ. 1936ರಲ್ಲಿ ಲಂಡನ್ನಿನ ಅಲೆಕ್ಸಾಂಡ್ರಾ ಪ್ಯಾಲೇಸ್‌ನಿಂದ ಬಿಬಿಸಿ ಪ್ರಸಾರ ಶುರುವಾದಾಗ ಕಾರ್ಯಕ್ರಮ ರೂಪಿಸುವುದೂ ನಿರ್ದೇಶಿಸುವುದೂ ಪ್ರೊಡ್ಯೂಸರ್ ಕೆಲಸವೇ ಆಗಿತ್ತು. ನಾವೂ ಹಾಗೇ ದುಡಿದೆವು.

ಮೊದಲು ಕ್ಯಾಮೆರಾ ಬೇಡ. ಒಂದು ಹಾಳೆ, ಪೆನ್ಸಿಲ್, ಸೆಕೆಂಡ್ ಮುಳ್ಳಿರುವ ಗಡಿಯಾರ ಸಾಕು. ಕಾರ್ಯಕ್ರಮ 7 ಗಂಟೆಗೆ ಮುಗಿಯಬೇಕು ಅಂದುಕೊಳ್ಳಿ. ಕೊನೆಯಲ್ಲಿ ತೋರಿಸುವ, ಕೆಲಸ ಮಾಡಿದವರ ಹೆಸರುಗಳಿಗೆ 40 ಸೆಕೆಂಡ್. ಅಂದರೆ 6:59:20ಕ್ಕೆ ಹೆಸರು ಬರಲೇಬೇಕು. ನಿರೂಪಕಿಯ ವಂದನೆಗೆ 30 ಸೆಕೆಂಡ್, ಅದು 6:58:50ಕ್ಕೆ ಶುರು. ಹಾಡು 4 ನಿಮಿಷ 10 ಸೆಕೆಂಡ್ ಇದ್ದರೆ 6:54:40ಕ್ಕೆ ಎತ್ತಬೇಕು. ಹೀಗೆ ಹಿಂದಕ್ಕೆ ಬರುತ್ತಾ ಹೋದರೆ ಸಂದರ್ಶನ ಯಾವಾಗ ಮುಗಿಯಬೇಕು ಅಂತ ತಾನಾಗೇ ಗೊತ್ತಾಗುತ್ತದೆ. ಸಂದರ್ಶನದ ಕೊನೆಯ ಎರಡು ಪ್ರಶ್ನೆಗಳನ್ನು ಬಿಟ್ಟರೂ ನಡೆಯುವಂತಿರಲಿ. ಹಾಡನ್ನು ಮಾತ್ರ ನಡುವೆ ಕತ್ತರಿಸಬೇಡಿ. ಹಾಡುವವರು ತಿಂಗಳುಗಟ್ಟಲೆ ಕಾದಿರುತ್ತಾರೆ, ಅಲ್ವಾ?

ಇನ್ನು ಸ್ಕ್ರಿಪ್ಟ್. ನಡುವೆ ಫಿಲ್ಮ್ ತುಣುಕು ಇದ್ದರೆ ನಾವು ತುಂಬಾ ಎಚ್ಚರವಾಗಿರುತ್ತಿದ್ದೆವು. ಫಿಲ್ಮನ್ನು ಟೀವಿ ಚಿತ್ರವಾಗಿಸುವ ಟೆಲಿಸಿನಿ ಯಂತ್ರ ವೇಗ ಹಿಡಿಯಲು ಕೆಲವು ಸೆಕೆಂಡ್ ಬೇಕಿತ್ತು. ಆದ್ದರಿಂದ ಮಾತು ಮುಗಿಯುವ ಮುಂಚಿನ ಒಂದು ಪದಕ್ಕೆ ಕೆಂಪು ಪೆನ್ಸಿಲಿನಲ್ಲಿ ಸುತ್ತು ಹಾಕಿ, ಆ ಪದ ಕೇಳಿದ ತಕ್ಷಣ ‘ರೋಲ್’ ಅನ್ನಬೇಕು. ಒಮ್ಮೆ ನಾನು ತಡ ಮಾಡಿದೆ. ಅತಿಥಿಯಾಗಿ ಬಂದಿದ್ದ ರೈತರೊಬ್ಬರು ಮಾತು ಮುಗಿಸಿ ಸುಮ್ನೆ ಕ್ಯಾಮೆರಾ ನೋಡುತ್ತಾ ಕೂತುಬಿಟ್ಟರು. ಆಮೇಲೆ ಬಂದು, ‘ನಾನೇನಾದ್ರೂ ತಪ್ಪು ಮಾಡಿದ್ನಾ ಅಮ್ಮಾ?’ ಅಂತ ಕೇಳಿದರು. ಅವರ ಮುಖ ಇಂದಿಗೂ ಕಣ್ಣ ಮುಂದಿದೆ. ಇವತ್ತು ವಿಡಿಯೊ ತಕ್ಷಣ ಓಡುತ್ತದೆ, ನಿಜ. ಆದರೂ ಕೆಂಪು ಸುತ್ತು ಹಾಕಿಕೊಳ್ಳಿ.

ಆಗಿನ ಕ್ಯಾಮೆರಾಗಳ ಮುಂದೆ ತಿರುಗುವ ತಟ್ಟೆ, ಅದರಲ್ಲಿ ಮೂರು ನಾಲ್ಕು ಲೆನ್ಸ್. ಪ್ರಸಾರದಲ್ಲಿರುವಾಗ ತಿರುಗಿಸಿದರೆ ಮನೆಯವರಿಗೆಲ್ಲ ಕಾಣುತ್ತಿತ್ತು. ಅದಕ್ಕೇ ಒಂದು ಕ್ಯಾಮೆರಾ ಪ್ರಸಾರದಲ್ಲಿದ್ದರೆ ಇನ್ನೊಂದು ಮುಂದಿನ ಶಾಟ್‌ಗೆ ಸಿದ್ಧವಾಗುತ್ತಿತ್ತು. ಪ್ರತಿ ಕ್ಯಾಮೆರಾಗೂ ಅದರ ಶಾಟ್‌ಗಳನ್ನಷ್ಟೇ ಬರೆದ ಕಾರ್ಡ್ ಅಂಟಿಸಿ. ನೀವು ಮೊಬೈಲ್ ಇಟ್ಟು ಮಾಡಿದರೂ ಇದು ಬೇಕು.

ಆದೇಶ ಚಿಕ್ಕದಾಗಿರಲಿ. ಮೊದಲು ‘ಸ್ಟ್ಯಾಂಡ್ ಬೈ ಟೂ’, ಅಂದರೆ ಎರಡನೇ ಕ್ಯಾಮೆರಾ ಸಿದ್ಧವಾಗಿರಲಿ ಅಂತ. ಆಮೇಲೆ ‘ಕಟ್ ಟೂ’, ಅಂದರೆ ಈಗ ಅದರ ಚಿತ್ರ ಪ್ರಸಾರಕ್ಕೆ ಹೋಗಲಿ ಅಂತ. ವೇದಿಕೆಯ ಹತ್ತಿರ ಒಬ್ಬರು ನಿಂತು ಕೈ ಸನ್ನೆ ಮಾಡಲಿ. ಬೆರಳು ಸುತ್ತಿಸಿದರೆ ಬೇಗ ಮುಗಿಸಿ ಅಂತ, ಎರಡೂ ಕೈ ಹಿಗ್ಗಿಸಿ ಎಳೆದರೆ ಇನ್ನೂ ಮಾತಾಡಿ ಅಂತ.

ಏನಾದರೂ ಕೆಟ್ಟರೆ ತೋರಿಸಲು ಒಂದು ಚಿತ್ರ ಸಿದ್ಧವಿರಲಿ. ಬಿಬಿಸಿಯವರು 1953ರಿಂದ ಕುಂಬಾರನ ಚಕ್ರದ ಫಿಲ್ಮ್ ಹಾಕುತ್ತಿದ್ದರು. ದೂರದರ್ಶನದ ‘ರುಕಾವಟ್ ಕೇ ಲಿಯೇ ಖೇದ್ ಹೈ’ (ಅಡಚಣೆಗಾಗಿ ವಿಷಾದಿಸುತ್ತೇವೆ) ಅನ್ನುವ ಫಲಕ ನಮ್ಮ ವಯಸ್ಸಿನವರಿಗೆ ನೆನಪಿದ್ದೇ ಇದೆ.

ಕೊನೆಯ ಹೆಸರು ಹೋದ ಮೇಲೆ ಯಾರೂ ಎದ್ದೇಳಬೇಡಿ, ಮೈಕ್ ಮುಂದೆ ಮಾತಾಡಬೇಡಿ. ಪ್ರಸಾರ ನಿಂತಿದೆ ಅಂತ ಒಬ್ಬರು ನೋಡಿ ಜೋರಾಗಿ ಹೇಳಲಿ. ಆಮೇಲೆ ಕ್ಯಾಮೆರಾ ಹಿಡಿದ ಮಕ್ಕಳಿಗೆ ಮೊದಲು ಕಾಫಿ ಕೊಡಿ.