ತಿಮರೆ: ಅಡುಗೆಗೆಷ್ಟು, ಮದ್ದಿಗೆಷ್ಟು

ಕಾಸರಗೋಡಿನ ಕಡೆ ಅಡಿಕೆ ತೋಟದ ಕಣಿಯ ಬದಿಯಲ್ಲಿ, ಗದ್ದೆಯ ಹುಣಿಯಲ್ಲಿ, ಬಾವಿಕಟ್ಟೆಯ ತೇವದಲ್ಲಿ ತಾನಾಗಿಯೇ ಹಬ್ಬುವ ಒಂದೆಲಗವನ್ನು ತುಳುವರು ತಿಮರೆ ಎನ್ನುತ್ತಾರೆ, ನೆರೆಯ ಮಲಯಾಳಿಗಳು ಮುತ್ತಿಳ್ ಎನ್ನುತ್ತಾರೆ. ಪೇಟೆಯ ಅಂಗಡಿಗಳಲ್ಲಿ ಈಗ ಕಟ್ಟುಕಟ್ಟಾಗಿ ಸಿಗುವ ಸೆಲೆರಿಯೂ ನಮ್ಮ ಕೊತ್ತಂಬರಿ, ಜೀರಿಗೆ, ಓಮಗಳೂ ಇದೇ ಸಸ್ಯಕುಟುಂಬಕ್ಕೆ ಸೇರಿದವು. ಸೆಲೆರಿ ನೀರೂ ನಾರೂ ಹೆಚ್ಚಿರುವ ಒಳ್ಳೆಯ ತರಕಾರಿಯೇ ಹೌದು; ಆದರೆ ಅಂಗಳದಲ್ಲಿಯೇ ತಿಮರೆ ಬೆಳೆದಿರುವಾಗ ಮನೆಯ ಕಿರಿಯರು ಮೊದಲು ಇದರ ಬಳಕೆಯನ್ನು ಸರಿಯಾಗಿ ತಿಳಿದುಕೊಳ್ಳಲಿ ಎಂಬುದು ನನ್ನ ಅಪೇಕ್ಷೆ.

ಗುರುತು ಕಷ್ಟವೇನಲ್ಲ. ಎಲೆಯ ತೊಟ್ಟು ಸೇರುವಲ್ಲಿ ಆಳವಾದ ಸೀಳು ಇರುತ್ತದೆ, ಅಂಚು ಸಣ್ಣ ಹಲ್ಲುಗಳಿಂದ ಕೂಡಿರುತ್ತದೆ, ಬಳ್ಳಿ ನೆಲಕ್ಕೆ ತಾಗಿದಲ್ಲೆಲ್ಲ ಗೆಣ್ಣಿನಿಂದ ಬೇರು ಬಿಡುತ್ತದೆ. ತೊಟ್ಟು ಎಲೆಯ ನಟ್ಟನಡುವೆ ಅಂಟಿಕೊಂಡು ಕೊಡೆಯಂತೆ ನಿಂತ ಗಿಡವನ್ನು ಅಲಂಕಾರಕ್ಕಾಗಿ ಕುಂಡಗಳಲ್ಲಿ ಬೆಳೆಸುವುದುಂಟು. ಅದು ತಿಮರೆಯಲ್ಲ, ಅಡುಗೆಗೆ ತರಬಾರದು.

ಎಲೆಯ ಗುರುತಿಗಿಂತಲೂ ಕೊಯ್ಯುವ ಜಾಗದ ವಿಚಾರದಲ್ಲಿ ಹೆಚ್ಚು ಎಚ್ಚರ ಬೇಕು. ಮಳೆಗಾಲದ ಆರಂಭದಲ್ಲಿ ಕೊಳೆರೋಗಕ್ಕೆಂದು ಅಡಿಕೆ ಗೊನೆಗಳಿಗೆ ಬೋರ್ಡೋ ದ್ರಾವಣ ಬಿಡುವಾಗ, 100 ಲೀಟರ್ ನೀರಿಗೆ 1 ಕಿಲೋ ಮೈಲುತುತ್ತು (ತಾಮ್ರದ ಸಲ್ಫೇಟ್) ಮತ್ತು 1 ಕಿಲೋ ಸುಣ್ಣ ಬೆರೆಸಿದ ಆ ನೀಲಿ ಮದ್ದು ಮರದಿಂದ ತೊಟ್ಟಿಕ್ಕಿ ಬೀಳುವುದು ಬುಡದಲ್ಲಿ ಹಬ್ಬಿದ ಇದೇ ಎಲೆಗಳ ಮೇಲೆ. ತಾಮ್ರದ ಅಂಶ ಮಣ್ಣಿನಲ್ಲಿಯೂ ಉಳಿಯುತ್ತದೆ. ತಿಮರೆಯನ್ನಾದರೋ ನಾವು ಬೇರು ಸಮೇತ ಅರೆಯುತ್ತೇವೆ. ಆದ್ದರಿಂದ ಮದ್ದು ಬೀಳುವ ತೋಟದ ಒಳಗಿನದನ್ನು ಬಿಟ್ಟುಬಿಡುವುದೇ ಲೇಸು. ಬಟ್ಟೆ ಒಗೆಯುವ ಕಲ್ಲಿನ ಸಾಬೂನು ನೀರು ಹರಿಯುವಲ್ಲಿ, ಹಟ್ಟಿಯ ಗಂಜಲ ನಿಲ್ಲುವಲ್ಲಿ ಗಿಡ ಎಷ್ಟೇ ಸೊಕ್ಕಿ ಬೆಳೆದಿದ್ದರೂ ಕೈಹಾಕಬಾರದು. ಅಗಲವಾದ ಕುಂಡದಲ್ಲಿ ಮಣ್ಣು ಮತ್ತು ಹಟ್ಟಿಗೊಬ್ಬರ ತುಂಬಿ, ಬೇರು ಬಿಟ್ಟ ನಾಲ್ಕಾರು ಗೆಣ್ಣುಗಳನ್ನು ಊರಿ, ಅರೆನೆರಳಿನಲ್ಲಿಟ್ಟು ತೇವ ಆರದಂತೆ ನೋಡಿಕೊಂಡರೆ ಒಂದು ಮನೆಗೆ ಬೇಕಾದಷ್ಟು ಸಿಗುತ್ತದೆ.

ತಂಬುಳಿಗೆ ಒಂದು ಹಿಡಿ ತಿಮರೆ ಸಾಕು. ಗೆಣ್ಣಿನ ಸಂದಿನಲ್ಲಿ ಮಣ್ಣು ಕೂತಿರುವುದರಿಂದ ಮೂರು ನಾಲ್ಕು ನೀರಿನಲ್ಲಿ ತೊಳೆದು, ಕೊನೆಯ ನೀರಿನ ತಳದಲ್ಲಿ ಮರಳು ಉಳಿಯುವುದಿಲ್ಲವೆಂದು ನೋಡಿಕೊಳ್ಳಬೇಕು. ಅರ್ಧ ಚಮಚ ಜೀರಿಗೆ ಮತ್ತು ನಾಲ್ಕೈದು ಕಾಳುಮೆಣಸನ್ನು ತುಪ್ಪದಲ್ಲಿ ಬಿಸಿಮಾಡಿ, ತೆಂಗಿನತುರಿ ಹಾಗೂ ಹಸಿ ಎಲೆಯೊಂದಿಗೆ ನುಣ್ಣಗೆ ಅರೆದು, ಹುಳಿಯಾಗದ ಮಜ್ಜಿಗೆಯಲ್ಲಿ ಕದಡಿ ಉಪ್ಪು ಬೆರೆಸಿ, ಸಾಸಿವೆ ಒಣಮೆಣಸಿನ ಒಗ್ಗರಣೆ ಕೊಡಬೇಕು. ಕುದಿಸಬಾರದು, ಕುದಿಸಿದರೆ ಎಲೆಯ ಪರಿಮಳ ಹೋಗಿ ಒಗರು ಮಾತ್ರ ಉಳಿಯುತ್ತದೆ. ಮಿಕ್ಸಿಗಿಂತ ಕಡೆಯುವ ಕಲ್ಲಿನಲ್ಲಿ ಅರೆದರೆ ರುಚಿ ಹೆಚ್ಚು ಎಂದು ನಾನು ಈಗಲೂ ಹೇಳುತ್ತೇನೆ, ಯಾರು ನಕ್ಕರೂ ಸರಿ. ಗಾಂಧಾರಿ ಮೆಣಸು, ತೆಂಗಿನಕಾಯಿ, ಚೂರು ಹುಣಸೆಹುಳಿ ಸೇರಿಸಿದ ಚಟ್ನಿ ಗಂಜಿಗೆ ಹೇಳಿ ಮಾಡಿಸಿದಂತಿರುತ್ತದೆ.

ಮದ್ದಿನ ವಿಚಾರಕ್ಕೆ ಬಂದರೆ, ಚರಕಸಂಹಿತೆ ಹೇಳುವ ನಾಲ್ಕು ಮೇಧ್ಯ ರಸಾಯನಗಳಲ್ಲಿ (ಬುದ್ಧಿಶಕ್ತಿಗೆ ಹಿತವಾದ ಮದ್ದುಗಳಲ್ಲಿ) ಮೊದಲನೆಯದೇ ಮಂಡೂಕಪರ್ಣಿಯ, ಅಂದರೆ ಒಂದೆಲಗದ, ಹಸಿ ರಸ. ಮಕ್ಕಳಿಗೆ ನೆನಪಿನ ಶಕ್ತಿ ಬರಲೆಂದು ಒಂದು ಚಮಚ ರಸಕ್ಕೆ ಜೇನು ಬೆರೆಸಿ ಕೊಡುವ ಪದ್ಧತಿ ಇದೆ. ಒಂದು ವರ್ಷದೊಳಗಿನ ಶಿಶುವಿಗೆ ಮಾತ್ರ ಜೇನನ್ನು ಯಾವ ಕಾರಣಕ್ಕೂ ಕೊಡಬಾರದು. ರಸ ಕುಡಿದ ಮಾತ್ರಕ್ಕೆ ಪರೀಕ್ಷೆಯಲ್ಲಿ ಅಂಕ ಬರುತ್ತದೆಂದು ನಂಬಿಸುವುದು ಸರಿಯಲ್ಲ. ಗಾಯ ಮಾಯಿಸುವ ಗುಣಕ್ಕೆ ಹೆಚ್ಚು ಆಧಾರವಿದೆ: ಇದರಲ್ಲಿರುವ ಏಷ್ಯಾಟಿಕೋಸೈಡ್ ಎಂಬ ಅಂಶವು ಚರ್ಮಕ್ಕೆ ಗಟ್ಟಿತನ ಕೊಡುವ ಕೊಲಾಜೆನ್ ಎಂಬ ಪ್ರೋಟೀನ್ ಉಂಟಾಗುವುದಕ್ಕೆ ನೆರವಾಗುತ್ತದೆ, ಔಷಧದ ಮುಲಾಮುಗಳಲ್ಲಿ ಬಳಸುವುದೂ ಅದನ್ನೇ. ಹಾಗೆಂದು ತೋಟದ ಎಲೆಯನ್ನು ಜಜ್ಜಿ ತೆರೆದ ಗಾಯಕ್ಕೆ ಕಟ್ಟಿದರೆ ಮಣ್ಣಿನ ನಂಜು ಸೇರುವ ಅಪಾಯವಿದೆ.

ತಲೆಗೆ ಹಚ್ಚುವ ಎಣ್ಣೆಯನ್ನು ಮನೆಯಲ್ಲಿಯೇ ಕಾಯಿಸುವವರು ಒಂದು ಪಾಲು ತೆಂಗಿನೆಣ್ಣೆಗೆ ನಾಲ್ಕು ಪಾಲು ರಸ, ಕಾಲು ಪಾಲು ಅರೆದ ಎಲೆ ಹಾಕಿ, ಸಣ್ಣ ಉರಿಯಲ್ಲಿ ಆಗಾಗ ತಳ ಕೆದಕುತ್ತಿರಬೇಕು. ತಳದ ಕಲ್ಕವನ್ನು, ಅಂದರೆ ಅರೆದು ಹಾಕಿದ ಎಲೆಯ ಮುದ್ದೆಯನ್ನು, ಚೂರು ತೆಗೆದು ಬೆರಳಿನಲ್ಲಿ ಹೊಸೆದಾಗ ಬತ್ತಿಯಾಗಬೇಕು. ಆ ಬತ್ತಿಯನ್ನು ಉರಿಗೆ ಹಿಡಿದಾಗ ಚಟಪಟ ಸದ್ದು ಬಂದರೆ ನೀರಿನಂಶ ಇನ್ನೂ ಇದೆ ಎಂದರ್ಥ, ಅಂಥ ಎಣ್ಣೆ ಬೇಗ ಕನರುತ್ತದೆ. ಸದ್ದಿಲ್ಲದೆ ಉರಿದರೆ ಇಳಿಸಿ ಸೋಸಬಹುದು.

ವಾರಕ್ಕೆ ಒಂದೆರಡು ಸಲ ತಂಬುಳಿ ಉಣ್ಣುವುದಕ್ಕೂ, ಸಾರವನ್ನು ಗಟ್ಟಿಗೊಳಿಸಿ ಮಾಡಿದ ಗುಳಿಗೆಗಳನ್ನು ತಿಂಗಳುಗಟ್ಟಲೆ ನುಂಗುವುದಕ್ಕೂ ಬಹಳ ವ್ಯತ್ಯಾಸವಿದೆ. ಅಂಥ ಗುಳಿಗೆಗಳಿಂದ ಅಪರೂಪಕ್ಕೆ ಯಕೃತ್ತಿಗೆ ತೊಂದರೆಯಾಗಿ ಕಾಮಾಲೆ ಬಂದ ಉದಾಹರಣೆಗಳು ವೈದ್ಯಕೀಯ ವರದಿಗಳಲ್ಲಿವೆ. ಗರ್ಭಿಣಿಯರು, ಯಕೃತ್ತಿನ ಕಾಯಿಲೆಯುಳ್ಳವರು, ನಿದ್ರೆಯ ಮಾತ್ರೆ ತೆಗೆದುಕೊಳ್ಳುವವರು ಇದನ್ನು ಮದ್ದಿನ ಪ್ರಮಾಣದಲ್ಲಿ ಸೇವಿಸುವ ಮೊದಲು ವೈದ್ಯರನ್ನು ಕೇಳಬೇಕು. ಕಣ್ಣು ಹಳದಿಯಾದರೆ ಅಥವಾ ಮೂತ್ರದ ಬಣ್ಣ ಕಡುವಾದರೆ ಕೂಡಲೇ ನಿಲ್ಲಿಸಿ ಆಸ್ಪತ್ರೆಗೆ ಹೋಗಬೇಕು.