ಕಾಲ ಮಡುಗಟ್ಟಿದ ಕಣಿವೆ: ನಾಲ್ಕು ಗಂಟೆಯ ಆಟಕ್ಕೆ ತಯಾರಿ

ಮಾಟದಿಂದ ಕಾಲ ಕೆಟ್ಟ ಊರನ್ನು ರೋಲ್ ಪ್ಲೇಯಿಂಗ್ ಆಟಕ್ಕೆ (ಆಟಗಾರರು ಪಾತ್ರಗಳಾಗಿ ಕಥೆ ಕಟ್ಟುವ ಆಟ) ತಂದಾಗ ಮೊದಲು ಕೈಕೊಡುವುದು ಲೆಕ್ಕ. ಯಾರು ಎಷ್ಟು ದಿನ ಕಳೆದುಕೊಂಡರು ಎಂದು ಹುಡುಕುವುದರಲ್ಲೇ ಅರ್ಧ ಆಟ ಮುಗಿದುಹೋಗುತ್ತದೆ. ಹಾಗಾಗಿ ಗಂಟೆಯ ಬದಲು ಗಳಿಗೆ ಹಿಡಿಯಿರಿ. ದಿನಕ್ಕೆ 60 ಗಳಿಗೆ, ಗಳಿಗೆಗೆ 24 ನಿಮಿಷ. ಮಾಟದ ಊರೊಳಗೆ ಕಾಲ 60 ಪಟ್ಟು ನಿಧಾನವಾದರೆ ಒಳಗಿನ ಒಂದು ಗಳಿಗೆ ಎಂದರೆ ಹೊರಗೆ ಒಂದು ದಿನ. ಒಳಗೆ ಒಂದು ದಿನ ಕಳೆದರೆ ಹೊರಗೆ ಎರಡು ತಿಂಗಳು, ಆರು ದಿನ ಕಳೆದರೆ ಸರಿಸುಮಾರು ಒಂದು ವರ್ಷ. ಬಾಯಿಲೆಕ್ಕವೇ ಸಾಕು. ಇದಕ್ಕಿಂತ ದೊಡ್ಡ ಪಟ್ಟು ಬೇಡ. ಪುರಾಣದ ರಾಜ ಕಕುದ್ಮಿ ಬ್ರಹ್ಮಸಭೆಯಿಂದ ಮಗಳೊಂದಿಗೆ ಇಳಿದು ಬರುವಷ್ಟರಲ್ಲಿ 27 ಚತುರ್ಯುಗ ಕಳೆದಿತ್ತಂತೆ. ಅಷ್ಟಾದ ಮೇಲೆ ಗುರುತಿನವರು ಯಾರೂ ಉಳಿದಿರುವುದಿಲ್ಲ, ಕಳೆದುಕೊಂಡದ್ದು ನಾಟುವುದೂ ಇಲ್ಲ. ಅಣ್ಣನ ಮಗು ನಡೆಯಲು ಕಲಿತಿರುವಷ್ಟು ಅಂತರವೇ ಹೆಚ್ಚು ನೋಯಿಸುತ್ತದೆ.

ಅನಾಹುತಕ್ಕೆ ಒಂದೇ ಕಾರಣ ಇರಲಿ. ನೀರುಮಲೆ ಎಂಬ ಕಲ್ಪನೆಯ ಸೀಮೆಯಲ್ಲಿ ಅರಸ ಸಾಯುವ ಗಳಿಗೆ ಮುಗಿಯಬಾರದೆಂದು ಮಾಂತ್ರಿಕನೊಬ್ಬ ಗುಡಿಯ ಗಳಿಗೆ ಬಟ್ಟಲಿನ (ತಳದ ತೂತಿನಿಂದ ನೀರು ತುಂಬಿ ಮುಳುಗುತ್ತ ಕಾಲ ಅಳೆಯುವ ಬಟ್ಟಲು) ತೂತಿಗೆ ಮೇಣ ಮೆತ್ತಿದ. ಹರಿಯಬೇಕಿದ್ದ ಕಾಲ ನಿಂತು ತಗ್ಗಿನಲ್ಲಿ ಮಡುಗಟ್ಟಿತು, ಈಗ ಏರುತ್ತಿದೆ. ಉಳಿದ ನಿಯಮವೆಲ್ಲ ಇದರಿಂದಲೇ ಹುಟ್ಟುತ್ತದೆ: ಕಾಲ ನೀರಿನ ಹಾಗೆ ತಗ್ಗು ಹುಡುಕುತ್ತದೆ.

ನಕ್ಷೆಗೆ ದೊಡ್ಡ ಡ್ರಾಯಿಂಗ್ ಹಾಳೆ ತೆಗೆದುಕೊಂಡು ಒಂದು ಕಣಿವೆ ಬರೆಯಿರಿ. ಮೇಲೆ ಬ್ಯಾಣ (ಹುಲ್ಲುಗಾವಲು), ಅದರ ಕೆಳಗೆ ಸೊಪ್ಪಿನಬೆಟ್ಟ (ತೋಟಕ್ಕೆ ಸೊಪ್ಪು ಕೊಯ್ಯುವ ಕಾಡು) ಮತ್ತು ಮನೆಗಳು, ತಳದಲ್ಲಿ ಅಡಿಕೆ ತೋಟ, ಗದ್ದೆ, ಹಳ್ಳ. ತೋಟದಂಚಿನಿಂದ ಬ್ಯಾಣದವರೆಗೆ ಹತ್ತು ಸಮಎತ್ತರದ ಗೆರೆ ಎಳೆಯಿರಿ. ಶರಾವತಿ ಹಿನ್ನೀರಿನ ದಡ ನೋಡಿದವರಿಗೆ ಗೆರೆಯ ಅಂಕುಡೊಂಕು ಹೇಳಿಕೊಡಬೇಕಿಲ್ಲ: ಪ್ರತಿ ಕೊರಕಲಿನೊಳಗೂ ನೀರು ನುಗ್ಗಿರುತ್ತದೆ, ಪ್ರತಿ ದಿಬ್ಬ ನಡುಗಡ್ಡೆಯಾಗಿರುತ್ತದೆ. ಉರುಟು ವೃತ್ತ ಬರೆದರೆ ತಪ್ಪಿಸಿಕೊಳ್ಳುವ ದಾರಿಗಳೆಲ್ಲ ಒಂದೇ ಥರ ಆಗುತ್ತವೆ. ತೋಟ, ಗದ್ದೆಯಲ್ಲಿ ಕಾಲ 60 ಪಟ್ಟು ನಿಧಾನ, ಬ್ಯಾಣದಲ್ಲಿ ಮಾಮೂಲು ಕಾಲ. ಮಡು ಏರಿ ನಿಂತ ಗೆರೆಯ ಮೇಲಿನ ಒಂದು ಪಟ್ಟಿಯಲ್ಲಿ ಮಾತ್ರ 6 ಪಟ್ಟು.

ಇನ್ನು ಆಟದ ಹೊತ್ತು ಅಳೆಯುವ ಬಟ್ಟಲು. ಇದಕ್ಕೆ ಮನಸ್ಸಿಟ್ಟು ಸಮಯ ಕೊಡಿ. 150ರಿಂದ 200 ಮಿ.ಲೀ. ಹಿಡಿಯುವ ತೆಳು ಸ್ಟೀಲ್ ಬಟ್ಟಲಿನ ತಳದ ನಡುವೆ 1 ಮಿ.ಮೀ. ಡ್ರಿಲ್‌ನಿಂದ ತೂತು ಕೊರೆದು, ಅಗಲ ಬಾಯಿಯ ಬಕೆಟ್ ನೀರಿನಲ್ಲಿ ತೇಲಿಬಿಡಿ. ಹತ್ತು ಹನ್ನೆರಡು ನಿಮಿಷದ ಆಸುಪಾಸಿನಲ್ಲಿ ಮುಳುಗಬೇಕು. ನಮಗೆ ಬೇಕಾದ್ದು 12. ತಡವಾದರೆ ಒಳಗೆ ಒಂದು ರೂಪಾಯಿ ನಾಣ್ಯ ಹಾಕಿ. ಭಾರ ಹೆಚ್ಚಿದಷ್ಟೂ ಬೇಗ ಮುಳುಗುತ್ತದೆ. ಬೇಗ ಮುಳುಗಿದರೆ ಇನ್ನೂ ದೊಡ್ಡ ಬಟ್ಟಲೇ ಬೇಕು, ಕೊರೆದ ತೂತು ಕಿರಿದಾಗುವುದಿಲ್ಲ. ನೀರು ಒಳಗೆ ಬರುವುದೇ ಇಲ್ಲ ಎಂದರೆ ಬಹಳ ಸಲ ಜಿಡ್ಡೇ ಕಾರಣ. ಇಷ್ಟು ಸಣ್ಣ ತೂತಿನಲ್ಲಿ ನೀರು ಗುಂಡಗೆ ಉಬ್ಬಿ ಅಲ್ಲೇ ನಿಂತುಬಿಡುತ್ತದೆ. ಸೋಪಿನಲ್ಲಿ ತಿಕ್ಕಿ, ಬಿಡುವ ಮೊದಲು ಒಳತಳಕ್ಕೆ ನಾಲ್ಕು ಹನಿ ನೀರು ಸವರಿ. ನೀರನ್ನು ಬಟ್ಟೆಯಲ್ಲಿ ಸೋಸಿಕೊಳ್ಳಿ, ಕಸದ ಒಂದು ಎಳೆ ಸಾಕು ತೂತು ಕಟ್ಟಲು. ಮೂರು ಸಲ ಗಡಿಯಾರ ಹಿಡಿದು ನೋಡಿದ ಮೇಲೆಯೇ ಆಟಕ್ಕೆ ಇಡಿ.

ಬಟ್ಟಲು ಒಮ್ಮೆ ಮುಳುಗಿತೆಂದರೆ ತೋಟದಲ್ಲಿರುವವರ ತಲೆಯ ಮೇಲೆ ಒಂದು ಹಗಲು ಮುಗಿಯಿತು, ಇನ್ನೊಮ್ಮೆ ಮುಳುಗಿದರೆ ಒಂದು ರಾತ್ರಿ. ಎರಡು ಸೇರಿ ಒಂದು ಗಳಿಗೆ: ಆಗ ಲೆಕ್ಕಕ್ಕೆಂದು ಪಾತ್ರೆಯಲ್ಲಿ ಹಾಕಿಟ್ಟ ಗೋಟಡಿಕೆಗಳಿಂದ (ಒಣಗಿದ ಇಡೀ ಅಡಿಕೆ) ಒಂದನ್ನು ತೆಗೆದಿಟ್ಟು ನಕ್ಷೆಯಲ್ಲಿ ಮಡುವನ್ನು ಒಂದು ಗೆರೆ ಏರಿಸಿ. ನಾಲ್ಕು ಗಂಟೆಗೆ ಹತ್ತು ಗಳಿಗೆ, ಹತ್ತು ಗೆರೆ. ಬಟ್ಟಲೆತ್ತುವ ಕೆಲಸವನ್ನು ಆಟಗಾರರಿಗೇ ಕೊಡಿ. ಮಾತಿನ ನಡುವೆ ಬಟ್ಟಲು ಬಕೆಟ್ಟಿನ ತಳಕ್ಕೆ ಟಣ್ ಎಂದು ತಾಗಿದಾಗ ಎಲ್ಲರೂ ಸುಮ್ಮನಾಗುತ್ತಾರೆ.

ಗುಂಪು ಒಡೆದು ಒಬ್ಬರು ಬ್ಯಾಣದಲ್ಲಿ ಉಳಿದರೆ ಅವರಿಗೆ 60 ಪಟ್ಟು ಸಮಯ ಸಿಗುತ್ತದೆ. ಅದನ್ನೆಲ್ಲ ಆಡಿಸಲು ಹೋಗಬೇಡಿ. ಒಂದು ಗೋಟಡಿಕೆಗೆ ಒಂದು ಚೀಟಿ, ಚೀಟಿಗೆ ಒಂದು ದಿನದ ಒಂದೇ ಕೆಲಸ.

ಗೆರೆಯ ಬಳಿ ಏನಾಗುತ್ತದೆ ಎಂಬುದು ಮೊದಲೇ ತೀರ್ಮಾನವಾಗಿರಲಿ. 300 ಹರ್ಟ್ಸ್‌ನ ಕೂಗು ತೋಟದಿಂದ ಮೇಲೆ ಬರುವಾಗ 5 ಹರ್ಟ್ಸ್ ಆಗುತ್ತದೆ. ಕಿವಿಗೆ ಕೇಳುವುದು 20ರಿಂದ ಮೇಲೆ, ಅಂದರೆ ಕೂಗಿದರೂ ಕೇಳದು. 6 ಪಟ್ಟಿನ ಪಟ್ಟಿಯಿಂದಾದರೆ 50 ಹರ್ಟ್ಸ್‌ನ ಗುಂಯ್ ಸದ್ದು. ಬೆಳಕು, ಬಿಸಿಲಿಗೆ ಈ ನಿಯಮ ಹಚ್ಚಬೇಡಿ. ಹಚ್ಚಿದರೆ ಎರಡು ತಿಂಗಳ ಬಿಸಿಲು ಒಂದೇ ದಿನ ಬಿದ್ದು ತೋಟ ಸುಟ್ಟುಹೋಗುತ್ತದೆ. ದಾಟುವವರ ಮೈ ಇಡಿಯಾಗಿ ಒಮ್ಮೆಗೇ ದಾಟಲಿ. ಇಲ್ಲವಾದರೆ ಕಾಲಿನ ರಕ್ತ ಹೃದಯಕ್ಕೆ ಹೇಗೆ ಮರಳಿತು ಎಂಬ ವಾದಕ್ಕೆ ಕೊನೆಯೇ ಇಲ್ಲ.

ಮಳೆಗೆ ಮಾತ್ರ ಖಂಡಿತ ಹಚ್ಚಿ. ದಪ್ಪ ಹನಿ ಸೆಕೆಂಡಿಗೆ ಸುಮಾರು 9 ಮೀಟರ್ ಬೀಳುತ್ತದೆ. ಬ್ಯಾಣದಿಂದ ನೋಡಿದರೆ ಗೆರೆ ದಾಟಿದ ಹನಿ ಸೆಕೆಂಡಿಗೆ 15 ಸೆಂಟಿಮೀಟರ್ ಮಾತ್ರ ಇಳಿಯುತ್ತದೆ. ಸೋಗೆಗಳ ನಡುವೆ ಹನಿಗಳು ತೂಗುಬಿಟ್ಟ ಹಾಗೆ ಕಾಣುತ್ತವೆ. ಒಳಗಿದ್ದವರಿಗೆ ಅದೇ ಮಳೆ 60 ಪಟ್ಟು ದಟ್ಟ. ಆಗುಂಬೆಯ ಸರಾಸರಿ ವಾರ್ಷಿಕ ಮಳೆ 7000 ಮಿ.ಮೀ. ಮೀರುತ್ತದೆ, ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್ ನಡುವೆ. ಆ ನಾಲ್ಕು ತಿಂಗಳು ತೋಟದೊಳಗೆ ಎರಡೇ ದಿನ. ಜನ ಸಾಯುವುದು ಮಾಟದಿಂದಲ್ಲ, ಈ ನೀರಿನಿಂದ. ಬದುಕುಳಿದ ಮರ ಒಂದು ವರ್ಷದ ಫಸಲು ಕೊಡಲು ಮೇಲಿನವರು 60 ವರ್ಷ ಕಾಯಬೇಕು. ಸಾಲದ ಬಡ್ಡಿ ಬೆಳೆಯುವುದೂ ಮೇಲೆಯೇ. ಊರಿನವರು ಆಟಗಾರರ ಹತ್ತಿರ ಮೊದಲು ಮಾತಾಡುವುದು ಇದನ್ನೇ ಆಗಲಿ.

ಬಿಡಿಸುವ ದಾರಿ ಮೇಣ ತೆಗೆಯುವುದು. ಒಮ್ಮೆಗೇ ಕಿತ್ತರೆ ಕಟ್ಟಿನಿಂತ ದಿನಗಳೆಲ್ಲ ಕೆಳಗಿದ್ದವರ ಮೈಮೇಲೆ ಒಟ್ಟಿಗೆ ಬೀಳುತ್ತವೆ: ಒಳಗೆ ಆರು ದಿನ ಇದ್ದವರಿಗೆ ಒಂದು ವರ್ಷದ ಹಸಿವು ಆ ಕ್ಷಣದಲ್ಲೇ. ಸೂಜಿಮೊನೆಯಷ್ಟೇ ಕೆರೆದರೆ ಗಳಿಗೆಗೆ ಒಂದು ಗೆರೆಯಂತೆ ಇಳಿಯುತ್ತದೆ. ಏಳನೇ ಗೆರೆಯ ಹೊತ್ತಿಗೆ ಗುಡಿ ಮುಟ್ಟಿದವರಿಗೆ ಇಳಿಸಲು ಇನ್ನೂ ಏಳು ಗಳಿಗೆ, ಅಂದರೆ 2 ಗಂಟೆ 48 ನಿಮಿಷ ಬೇಕು. ಅದು ಆ ದಿನದ ಆಟಕ್ಕೆ ಹಿಡಿಸುವುದಿಲ್ಲ. ಗೆರೆಗೆ ಪೆನ್ಸಿಲ್ ಗುರುತು ಹಾಕಿ ನಕ್ಷೆ ಸುತ್ತಿಡಿ, ಬಟ್ಟಲು ಒರೆಸಿಡಿ. ಮುಂದಿನ ಭಾನುವಾರ ಅಲ್ಲಿಂದಲೇ ಶುರು.